ಅರ್ಧ ಸೆಂಟಿಮೀಟರ್‌ನ ಕೇಸು

ಉಡುಪಿ ಕೋರ್ಟಿನ ಹತ್ತಿರ ಮೇಲಂತಸ್ತಿನಲ್ಲಿ ನನ್ನ ವಕೀಲಿ ಆಫೀಸು. ಹಳೇ ಕಟ್ಟಡ, ಬಾಗಿಲು ಗಿಡ್ಡ. ಆ ಹುಡುಗ ಒಳಗೆ ಬರುವಾಗ ತಲೆ ಬಗ್ಗಿಸಿಯೇ ಬಂದ. ಕುರ್ಚಿಯ ತುದಿಯಲ್ಲಿ ಕುಳಿತು ಅವನು ಹೇಳಿದ ಮೊದಲ ಮಾತು, ‘ಸಾರ್, ನಂಗೆ ಹೈಟ್ ಇಲ್ಲೆ ಅಂದ್ರ್.’

ಊರು ಗಂಗೊಳ್ಳಿ ಕಡೆ. ಗುರುತು ಸಿಗಬಾರದು ಅಂತ ಒಂದೆರಡು ವಿವರ ಬದಲಿಸಿದ್ದೇನೆ, ಕೇಸಿಗೆ ಬೇಕಾದ್ದನ್ನು ಬದಲಿಸಿಲ್ಲ. ಅಪ್ಪ ಬೋಟಿನಲ್ಲಿ ತಾಂಡೇಲ, ಅಂದರೆ ಬೋಟು ನಡೆಸುವವರು. ಹುಡುಗನಿಗೆ ಆಗ 26 ವರ್ಷ. ಕಾನ್‌ಸ್ಟೇಬಲ್ ಹುದ್ದೆಗೆ ಆಗ ಸಾಮಾನ್ಯ ವರ್ಗಕ್ಕೆ 25, ಹಿಂದುಳಿದ ವರ್ಗಕ್ಕೆ 27 ವರ್ಷದ ಮಿತಿ. ಅಂದರೆ ಇದೇ ಕೊನೆಯ ಅವಕಾಶ. 100 ಅಂಕದ ಲಿಖಿತ ಪರೀಕ್ಷೆ ಪಾಸಾಗಿತ್ತು. ಒಂದು ಹುದ್ದೆಗೆ ಐದು ಜನರಂತೆ ದೈಹಿಕ ಪರೀಕ್ಷೆಗೆ ಕರೆದ ಪಟ್ಟಿಯಲ್ಲಿ ಇವನ ಹೆಸರಿತ್ತು. ಕುಂದಾಪುರದ ಗಾಂಧಿ ಮೈದಾನದಲ್ಲಿ, ಮಳೆ ಇದ್ದರೆ ಕೋಡಿ ಬೀಚಿನ ಒದ್ದೆ ಮರಳಿನಲ್ಲಿ ವರ್ಷವಿಡೀ ಓಡಿದ್ದ. 1600 ಮೀಟರ್ 5 ನಿಮಿಷ 50 ಸೆಕೆಂಡಿನಲ್ಲಿ ಮುಗಿಸುತ್ತಿದ್ದ. ಬೇಕಾದ್ದು 6 ನಿಮಿಷ 30 ಸೆಕೆಂಡ್.

ಆದರೆ ಓಡಲು ಬಿಡಲೇ ಇಲ್ಲ. ಓಟದ ಮೊದಲು ಅಳತೆ.

ಗೊತ್ತಿಲ್ಲದವರಿಗಾಗಿ ಹೇಳಿಬಿಡುತ್ತೇನೆ. ಸಿವಿಲ್ ಕಾನ್‌ಸ್ಟೇಬಲ್ ಆಗಲು ಗಂಡಸರಿಗೆ 168 ಸೆಂ.ಮೀ. ಎತ್ತರ ಬೇಕು. ಎದೆ 86 ಸೆಂ.ಮೀ., ಅದರಲ್ಲಿ ಉಸಿರು ತುಂಬಿದಾಗ ಹಿಗ್ಗುವುದು ಕನಿಷ್ಠ 5. ಹೆಂಗಸರಿಗೆ ಎತ್ತರ 157, ತೂಕ 45 ಕೆ.ಜಿ. ಬುಡಕಟ್ಟು ಸಮುದಾಯದವರಿಗೆ ರಿಯಾಯಿತಿ ಇದೆ. ಅಳತೆ ದಾಟಿದ ಮೇಲೆ ಓಟ, ಆಮೇಲೆ ಉದ್ದ ಜಿಗಿತ ಅಥವಾ ಎತ್ತರ ಜಿಗಿತ, ಗಂಡಸರಿಗೆ 7.26 ಕೆ.ಜಿ. ಗುಂಡು ಎಸೆತ. ಜಿಗಿತಕ್ಕೂ ಎಸೆತಕ್ಕೂ ಮೂರು ಅವಕಾಶ, ಓಟಕ್ಕೆ ಒಂದೇ. ಈ ‘ಒಂದೇ’ ಅನ್ನುವುದನ್ನು ನೆನಪಿಟ್ಟುಕೊಳ್ಳಿ.

ಅಳತೆಯ ದಿನ ಬೆಳಿಗ್ಗೆ ಐದೂವರೆಗೆ ಗೇಟಿನ ಮುಂದೆ ಇರಲು ಹೇಳಿದ್ದರು. ಯಾವ ಜಿಲ್ಲೆ, ಯಾವ ಮೈದಾನ ಅನ್ನುವುದು ಬೇಡ. ದಾಖಲೆ ಪರಿಶೀಲನೆ, ಬೆರಳಚ್ಚು, ನಂಬರ್ ಬಟ್ಟೆ ಎಲ್ಲ ಮುಗಿದು ಇವನ ಸರದಿ ಬಂದಾಗ ಮಧ್ಯಾಹ್ನ 2 ಗಂಟೆ 15 ನಿಮಿಷ. ಅಷ್ಟೂ ಹೊತ್ತು ನಿಂತೇ ಇದ್ದ. ಬರಿಗಾಲಲ್ಲಿ ಕಂಬಕ್ಕೆ ಬೆನ್ನು ಕೊಟ್ಟು ನಿಂತ. ಮೇಲಿನ ಪಟ್ಟಿ ತಲೆಗೆ ತಾಗಿತು. 167.5. ‘ಇನ್ನೊಮ್ಮೆ ನೋಡಿ ಸಾರ್’ ಅಂದ. ಮತ್ತೊಮ್ಮೆ ನಿಲ್ಲಿಸಿದರು. ‘ಅಷ್ಟೇ ಬಂತು, ಹೋಗು.’ ಮುಂದಿನ ಮೇಜಿನಲ್ಲಿ ಒಂದು ಹಾಳೆ. ಅದರ ಕೆಳಗೆ ಮೊದಲೇ ಅಚ್ಚಾದ ಸಾಲು: ಅಳತೆ ನನ್ನ ಎದುರೇ ಆಗಿದೆ, ನಾನು ಒಪ್ಪಿದ್ದೇನೆ. ಹಿಂದೆ ಇನ್ನೂರು ಜನರ ಸಾಲು. ಇವನು ಸಹಿ ಹಾಕಿದ.

‘ಯಾಕೆ ಹಾಕಿದೆ?’ ಅಂತ ನಾನು ಕೇಳಿದೆ. ದಡ್ಡ ಪ್ರಶ್ನೆ. ಪೊಲೀಸರೇ ಪೆನ್ನು ಕೊಟ್ಟು ಸಹಿ ಹಾಕು ಅಂದರೆ ಪೊಲೀಸ್ ಆಗಲು ಬಂದವನು ಹಾಕದೆ ಇರ್ತಾನಾ?

ಆದರೆ ಊರಿಗೆ ಬಂದ ಮಾರನೇ ದಿನ ಅವನು ಒಂದು ಬುದ್ಧಿವಂತ ಕೆಲಸ ಮಾಡಿದ್ದ. ಖಾಸಗಿ ಕ್ಲಿನಿಕ್ಕಿಗೆ ಹೋಗದೆ ಸೀದಾ ಸರಕಾರಿ ಆಸ್ಪತ್ರೆಗೆ ಹೋಗಿ, ಬೆಳಿಗ್ಗೆ 8 ಗಂಟೆಗೆ ಎತ್ತರ ಅಳೆಸಿ, ಸೀಲು ಹಾಕಿದ ಚೀಟಿ ತಂದಿದ್ದ. 168.4. ಖಾಸಗಿ ಸರ್ಟಿಫಿಕೇಟ್ ತಂದಿದ್ದರೆ ನಾನು ಕೇಸೇ ತೆಗೆದುಕೊಳ್ಳುತ್ತಿರಲಿಲ್ಲ. ಅವು ದುಡ್ಡು ಕೊಟ್ಟರೆ ಸಿಗುತ್ತವೆ ಅನ್ನೋ ಅನುಮಾನ ಎಲ್ಲ ನ್ಯಾಯಪೀಠಗಳಿಗೂ ಇದೆ.

ಒಂದು ಚೀಟಿ 167.5, ಇನ್ನೊಂದು 168.4. ಒಂದು ರಾತ್ರಿಯಲ್ಲಿ 9 ಮಿಲಿಮೀಟರ್ ಬೆಳೆದನಾ? ಮೊದಲು ನಾನೂ ಆಸ್ಪತ್ರೆಯವರು ಉದಾರವಾಗಿ ಬರೆದಿದ್ದಾರೆ ಅಂದುಕೊಂಡೆ. ಆಮೇಲೆ ಮೂಳೆ ಡಾಕ್ಟರ್ ಸ್ನೇಹಿತರೊಬ್ಬರು ಫೋನಿನಲ್ಲೇ ನಕ್ಕರು. ಬೆನ್ನುಮೂಳೆಯ ಬಿಲ್ಲೆಗಳ ನಡುವೆ ಮೆತ್ತಗಿನ ಡಿಸ್ಕ್‌ಗಳಿವೆ. ರಾತ್ರಿ ಮಲಗಿದಾಗ ಅವು ನೀರು ಹೀರಿ ಉಬ್ಬುತ್ತವೆ. ಹಗಲು ನಿಂತು ಓಡಾಡಿದರೆ ಭಾರಕ್ಕೆ ತಗ್ಗುತ್ತವೆ. ದಿನಕ್ಕೆ ಒಂದು ಸೆಂಟಿಮೀಟರ್, ಕೆಲವರಲ್ಲಿ ಅದಕ್ಕೂ ಸ್ವಲ್ಪ ಜಾಸ್ತಿ ವ್ಯತ್ಯಾಸ ಎಲ್ಲರಿಗೂ ಆಗುತ್ತದಂತೆ. ಎದ್ದ ಮೊದಲ ಕೆಲವು ಗಂಟೆಯಲ್ಲೇ ಹೆಚ್ಚಿನ ಪಾಲು ಹೋಗುತ್ತದೆ. ನಂಬಿಕೆ ಬರಲಿಲ್ಲ. ಆ ರಾತ್ರಿ ಮನೆಯಲ್ಲಿ ಬಾಗಿಲ ಚೌಕಟ್ಟಿಗೆ ನಿಂತು, ತಲೆ ಮೇಲೆ ದಪ್ಪ ಪುಸ್ತಕ ಇಟ್ಟು, ಹೆಂಡತಿಯಿಂದ ಪೆನ್ಸಿಲ್ ಗೆರೆ ಹಾಕಿಸಿದೆ. ಬೆಳಿಗ್ಗೆ ಹಾಸಿಗೆಯಿಂದ ಎದ್ದವನೇ ಇನ್ನೊಂದು ಗೆರೆ. ಎರಡರ ನಡುವೆ 11 ಮಿಲಿಮೀಟರ್. ನನಗೆ ಐವತ್ತು ದಾಟಿದೆ, ಬೆಳೆಯುವ ವಯಸ್ಸಂತೂ ಅಲ್ಲ.

ನಿಲ್ಲಿಸುವ ರೀತಿಯೂ ಮುಖ್ಯ ಅಂತ ಡಾಕ್ಟರ್ ಹೇಳಿದರು. ಹಿಮ್ಮಡಿ, ಕುಂಡಿ, ಬೆನ್ನು ಕಂಬಕ್ಕೆ ತಾಗಬೇಕು. ಕಣ್ಣಿನ ಕೆಳ ಅಂಚು ಮತ್ತು ಕಿವಿಯ ತೂತು ನೆಲಕ್ಕೆ ಸಮಾನವಾಗಿ ಒಂದೇ ಗೆರೆಯಲ್ಲಿರಬೇಕು. ಗದ್ದ ಸ್ವಲ್ಪ ಏರಿದರೂ ಇಳಿದರೂ ಮಿಲಿಮೀಟರ್‌ಗಳು ಕಳೆಯುತ್ತವೆ. ಇವನು ಪಟ್ಟಿ ಎಲ್ಲಿ ಬರುತ್ತೆ ಅಂತ ಮೇಲೆ ನೋಡುತ್ತಿದ್ದನಂತೆ. ಯಾರು ನೋಡಲ್ಲ ಹೇಳಿ?

ಹಾಗಾದರೆ ಯಾವ ಹೊತ್ತಿನ ಎತ್ತರ ನಿಜವಾದದ್ದು? ನಿಯಮದಲ್ಲಿ 168 ಅಂತ ಇದೆ, ಹೊತ್ತಿಲ್ಲ. 167ರ ಕೆಳಗಿನವನಿಗೆ ಈ ಪ್ರಶ್ನೆಯಿಂದ ಪ್ರಯೋಜನವಿಲ್ಲ, 169ರವನಿಗೆ ಅದು ಬೇಡ. ನಡುವಿನ ಒಂದೆರಡು ಸೆಂಟಿಮೀಟರಿನಲ್ಲಿ ನಿಂತವರ ನೌಕರಿ ಮಾತ್ರ ಸರದಿಯ ನಂಬರಿನ ಮೇಲೆ ನಿಂತಿರುತ್ತದೆ.

168 ಯಾಕೆ ಅಂತ ಕೇಳಬಹುದಾ?

ಹುಡುಗನ ಮಾವ ಒಬ್ಬರು ಮೊದಲ ದಿನವೇ ಜೊತೆಗೆ ಬಂದಿದ್ದರು. ಅವರ ವಾದ ನೇರ. ‘ವಕೀಲ್ರೇ, ಕೋಸ್ಟ್ ಗಾರ್ಡ್‌ನಲ್ಲಿ ನಾವಿಕ ಆಗುಕೆ 157 ಸಾಕ್. ಮಿಲಿಟರಿಗೆ 166. ಇಲ್ಲ್ ರಸ್ತೆ ಮೇಲ್ ನಿಂತ್ ಕೈ ತೋರ್ಸುಕೆ 168 ಎಂತಕೆ?’

ತಮಾಷೆಯಾಗಿ ಕಂಡರೂ ಮಾತು ಸರಿಯಾಗಿಯೇ ಇದೆ. ಕೋಸ್ಟ್ ಗಾರ್ಡ್‌ನಲ್ಲಿ 157 ಹೌದು. ಅಗ್ನಿವೀರ ಜನರಲ್ ಡ್ಯೂಟಿಗೆ ನಮ್ಮ ಕಡೆಯವರಿಗೆ 166. ಕೇಂದ್ರ ಪಡೆಗಳ ಕಾನ್‌ಸ್ಟೇಬಲ್‌ಗೆ ಸಾಮಾನ್ಯವಾಗಿ 170. ಅದೇ ದೇಹ ಒಂದು ಕಡೆ ಧಾರಾಳ, ಇನ್ನೊಂದು ಕಡೆ ಕಡಿಮೆ. ಇನ್ನೂ ಒಂದು ವಿಚಾರ ನನ್ನನ್ನು ಕಾಡಿತು. ನಮ್ಮ ರಾಜ್ಯದ ಕರಾವಳಿ ಕಾವಲು ಪೊಲೀಸ್ ಪಡೆಯ ಮುಖ್ಯ ಕಚೇರಿ ಇರುವುದು ಮಲ್ಪೆಯಲ್ಲಿ. ಈ ಹುಡುಗನ ಆಸೆ ಅಲ್ಲಿಗೆ ಹೋಗುವುದು. ಹತ್ತು ವರ್ಷದವನಿದ್ದಾಗಿಂದ ಸಮುದ್ರದಲ್ಲಿ ಈಜಿದವನು. ಅಲೆ ಏಳುವಾಗ ದೋಣಿ ಹೇಗೆ ತಿರುಗಿಸಬೇಕು, ಗಂಗೊಳ್ಳಿ ಅಳಿವೆಯಲ್ಲಿ ಯಾವಾಗ ಒಳಗೆ ಬರಬಾರದು ಅಂತ ಗೊತ್ತಿರುವವನು. ಕಾನ್‌ಸ್ಟೇಬಲ್ ಪರೀಕ್ಷೆಯಲ್ಲಿ ಗುಂಡು ಎಸೆತ ಇದೆ, ಈಜು ಇಲ್ಲ.

ಬೇರೆ ದೇಶಗಳಲ್ಲಿ ಕೋರ್ಟುಗಳು ಈ ‘ಯಾಕೆ’ಯನ್ನು ಕೇಳಿವೆ. ಕೆನಡಾದಲ್ಲಿ ಕಾಡಿನ ಬೆಂಕಿ ಆರಿಸುವ ಕೆಲಸದಲ್ಲಿದ್ದ ಒಬ್ಬ ಹೆಂಗಸು. ಕೆಲಸ ಚೆನ್ನಾಗಿಯೇ ಮಾಡುತ್ತಿದ್ದರು. ಆಮೇಲೆ ಸರಕಾರ ಹೊಸ ಪರೀಕ್ಷೆ ತಂದಿತು: 2.5 ಕಿ.ಮೀ. 11 ನಿಮಿಷದಲ್ಲಿ ಓಡಬೇಕು. ಅವರಿಗೆ 49.4 ಸೆಕೆಂಡ್ ಜಾಸ್ತಿ ಬೇಕಾಯಿತು, ಕೆಲಸ ಹೋಯಿತು. 1999ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್, ಬೆಂಕಿ ಆರಿಸಲು ಈ ಓಟದ ವೇಗ ಬೇಕೇ ಬೇಕು ಅಂತ ಸರಕಾರ ತೋರಿಸಿಲ್ಲ ಎಂದು ಹೇಳಿ ಅವರನ್ನು ವಾಪಸ್ ಕೆಲಸಕ್ಕೆ ಸೇರಿಸಿತು. ಗ್ರೀಸ್ ದೇಶದಲ್ಲಿ ಪೊಲೀಸ್ ಶಾಲೆ ಸೇರಲು ಗಂಡು ಹೆಣ್ಣು ಇಬ್ಬರಿಗೂ 1.70 ಮೀಟರ್ ಎತ್ತರ ಇಟ್ಟಿದ್ದರು. ಅದರಿಂದ ಹೆಂಗಸರೇ ಹೆಚ್ಚು ಹೊರಗುಳಿಯುತ್ತಾರೆ, ಪೊಲೀಸರ ಎಲ್ಲ ಕೆಲಸಕ್ಕೂ ಇಷ್ಟು ಎತ್ತರ ಬೇಕಾಗಿಲ್ಲ ಅನ್ನುವ ದಿಕ್ಕಿನಲ್ಲಿ ಐರೋಪ್ಯ ಒಕ್ಕೂಟದ ನ್ಯಾಯಾಲಯ 2017ರಲ್ಲಿ ತೀರ್ಪು ಕೊಟ್ಟಿತು. ಹಾಗಂತ ಎಲ್ಲ ಕಡೆ ಅರ್ಜಿದಾರರೇ ಗೆದ್ದಿಲ್ಲ. ಅಮೆರಿಕದ ಫಿಲಡೆಲ್ಫಿಯಾದ ಸಾರಿಗೆ ಪೊಲೀಸರು ಇಟ್ಟಿದ್ದ ಒಂದೂವರೆ ಮೈಲಿ 12 ನಿಮಿಷದ ಓಟ ಹಲವು ವರ್ಷ ಕೋರ್ಟಿನಲ್ಲಿದ್ದು, 2002ರಲ್ಲಿ ಉಳಿದುಕೊಂಡಿತು.

ಇದನ್ನೆಲ್ಲ ಮಾವನಿಗೆ ಹೇಳಿದೆ. ಅವರ ಕಣ್ಣು ಅರಳಿತು. ‘ಹಂಗಾರೆ ನಾವೂ ಹಾಕುವ.’ ಹಾಕಲು ಆಗಲ್ಲ ಅಂತ ವಿವರಿಸುವುದಕ್ಕೆ ಇನ್ನರ್ಧ ಗಂಟೆ ಹಿಡಿಯಿತು.

ಆ ಕೇಸುಗಳ ಬಲ ಇರುವುದು ಒಂದು ಗುಂಪಿನವರೇ ಹೆಚ್ಚಾಗಿ ಹೊರಗುಳಿಯುತ್ತಾರೆ ಅನ್ನುವುದರಲ್ಲಿ. ಗಂಡಿಗೂ ಹೆಣ್ಣಿಗೂ ಒಂದೇ ಗೆರೆ ಎಳೆದದ್ದು ಅಲ್ಲಿನ ತಪ್ಪು. ನಮ್ಮ ನಿಯಮದಲ್ಲಿ ಹೆಂಗಸರಿಗೆ ಬೇರೆ ಗೆರೆ, ಬುಡಕಟ್ಟಿನವರಿಗೆ ಬೇರೆ ಗೆರೆ. ಅರ್ಧ ಸೆಂಟಿಮೀಟರ್ ಕಡಿಮೆ ಇರುವ ಗಂಡಸು ಯಾವ ಗುಂಪು? ಇನ್ನು ಸಂವಿಧಾನದ 309ನೇ ವಿಧಿಯ ಅಡಿ ಮಾಡಿದ ನೇಮಕಾತಿ ನಿಯಮ ಇದು. ಸಮಾನತೆಯ ಹಕ್ಕು ಹೇಳುವ 14 ಮತ್ತು 16ನೇ ವಿಧಿ ಹಿಡಿದು ಪ್ರಶ್ನಿಸಬಹುದು, ಬಾಗಿಲು ಮುಚ್ಚಿಲ್ಲ. ಆದರೆ ಕೆಲಸಕ್ಕೆ ಎಂಥವರು ಬೇಕು ಅಂತ ನಿರ್ಧರಿಸುವುದು ಕೆಲಸ ಕೊಡುವವರಿಗೆ ಬಿಟ್ಟದ್ದು, ಕಣ್ಣಿಗೆ ರಾಚುವಷ್ಟು ಮನಬಂದಂತೆ ಇದ್ದರೆ ಮಾತ್ರ ಕೈ ಹಾಕುತ್ತೇವೆ ಅನ್ನುವುದು ನಮ್ಮ ಕೋರ್ಟುಗಳ ಹಳೇ ನಿಲುವು. 167.5 ಸಾಕು ಅಂದರೆ ನಾಳೆ 167ರವನು ಬರುತ್ತಾನೆ. ಗೆರೆ ಎಲ್ಲೋ ಒಂದು ಕಡೆ ಎಳೆಯಲೇಬೇಕಲ್ಲ ಅನ್ನುತ್ತಾರೆ.

ಈ ನಿಲುವು ನನಗೆ ಪೂರ್ತಿ ಒಪ್ಪಿಗೆ ಇಲ್ಲ. 2024ರಲ್ಲಿ ಜಾರ್ಖಂಡ್‌ನ ಅಬಕಾರಿ ಕಾನ್‌ಸ್ಟೇಬಲ್ ನೇಮಕಾತಿಯಲ್ಲಿ 10 ಕಿ.ಮೀ. ಓಟವನ್ನು 60 ನಿಮಿಷದಲ್ಲಿ ಮುಗಿಸುವ ಪರೀಕ್ಷೆಯ ವೇಳೆ ಹತ್ತಕ್ಕೂ ಹೆಚ್ಚು ಹುಡುಗರು ಸತ್ತರು. ಹೆಂಡದ ಅಂಗಡಿ ತಪಾಸಣೆಗೆ 10 ಕಿ.ಮೀ. ಯಾಕೆ ಅಂತ ಯಾರಾದರೂ ಮೊದಲೇ ಕೇಳಬೇಕಿತ್ತು. ಆದರೆ ನನ್ನ ಕಕ್ಷಿದಾರನಿಗೆ ಬೇಕಿದ್ದದ್ದು ತತ್ವದ ಚರ್ಚೆ ಅಲ್ಲ, ಖಾಕಿ ಅಂಗಿ. ಹಾಗಾಗಿ 168ನ್ನು ಮುಟ್ಟಲಿಲ್ಲ. ‘168 ಸರಿ. ನಾನು 168 ಇದ್ದೇನೆ. ನೀವು ಅಳೆದದ್ದು ತಪ್ಪು’ ಅನ್ನುವುದಷ್ಟೇ ನಮ್ಮ ಕೇಸು.

ಕಂದಾಯ ಭವನದ ದಾರಿ

ರಾಜ್ಯ ಸರಕಾರಿ ನೇಮಕಾತಿಯ ತಕರಾರು ನೇರ ಹೈಕೋರ್ಟಿಗೆ ಹೋಗುವುದಿಲ್ಲ. ಮೊದಲು ಕರ್ನಾಟಕ ಆಡಳಿತ ನ್ಯಾಯಮಂಡಳಿ, ನಮ್ಮ ಬಾಯಲ್ಲಿ ಕೆಎಟಿ. ಅಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠ. ಸುಪ್ರೀಂ ಕೋರ್ಟಿನ 1997ರ ಎಲ್. ಚಂದ್ರಕುಮಾರ್ ತೀರ್ಪಿನಿಂದ ಇದೇ ದಾರಿ. ಬೆಳಗಾವಿಯಲ್ಲಿ, ಕಲಬುರಗಿಯಲ್ಲಿ ಪೀಠಗಳಿವೆ. ಕರಾವಳಿಯವರು ಬೆಂಗಳೂರಿನ ಕೆ.ಜಿ. ರಸ್ತೆಯ ಕಂದಾಯ ಭವನಕ್ಕೇ ಹೋಗಬೇಕು. ಹುಡುಗ ಪ್ರತಿ ಸಲ ಕುಂದಾಪುರದಲ್ಲಿ ಪಂಚಗಂಗಾ ಎಕ್ಸ್‌ಪ್ರೆಸ್ ಹತ್ತಿ ರಾತ್ರಿಯಿಡೀ ಕೂತು ಹೋಗುತ್ತಿದ್ದ. ಬರಬೇಕಾಗಿಲ್ಲ ಅಂದರೂ ಕೇಳುತ್ತಿರಲಿಲ್ಲ.

ಅರ್ಜಿಗೆ ಮೊದಲು ಎರಡು ಕೆಲಸ ಆಯಿತು. ನೇಮಕಾತಿ ಪ್ರಾಧಿಕಾರಕ್ಕೆ ರಿಜಿಸ್ಟರ್ಡ್ ಅಂಚೆಯಲ್ಲಿ ಮನವಿ. ಇಲಾಖೆಗೆ ಮನವಿ ಕೊಡದೆ ನ್ಯಾಯಮಂಡಳಿಗೆ ಹೋದರೆ 1985ರ ಆಡಳಿತ ನ್ಯಾಯಮಂಡಳಿ ಕಾಯಿದೆಯ 20ನೇ ಸೆಕ್ಷನ್ ಅಡ್ಡ ಬರುತ್ತದೆ. ಉತ್ತರಕ್ಕೆ ಆರು ತಿಂಗಳು ಕಾಯಬೇಕು ಅಂತಲೂ ಅದರಲ್ಲಿದೆ, ಆದರೆ ‘ಸಾಮಾನ್ಯವಾಗಿ’ ಅನ್ನುವ ಒಂದು ಪದವೂ ಇದೆ. ಆಯ್ಕೆ ಪಟ್ಟಿ ಬಂದುಬಿಟ್ಟರೆ ಎಲ್ಲ ಮುಗಿದಂತೆ ಅಂತ ಆ ಪದವನ್ನು ಹಿಡಿದು ಮೊದಲೇ ಹೋಗಬಹುದು. ಎರಡನೆಯದು, 10 ರೂಪಾಯಿ ಶುಲ್ಕದ ಆರ್‌ಟಿಐ ಅರ್ಜಿ: ಅಳತೆ ಹಾಳೆಯ ಪ್ರತಿ, ಅಳತೆಯ ಹೊತ್ತು, ವಿಡಿಯೋ, ಆ ಕಂಬವನ್ನು ಕೊನೆಗೆ ಪರೀಕ್ಷಿಸಿದ್ದು ಯಾವಾಗ. 30 ದಿನದ ಗಡುವಿಗೆ ಒಂದು ದಿನ ಮೊದಲು ಉತ್ತರ ಬಂತು. ಸಿಕ್ಕಿದ್ದು ಹಾಳೆಯ ಪ್ರತಿ ಮಾತ್ರ. ಅಷ್ಟೇ ಸಾಕಾಯಿತು ಅಂತ ಆಮೇಲೆ ಗೊತ್ತಾಯಿತು.

ಎದುರು ಪಕ್ಷದ ಆಕ್ಷೇಪಣೆಯಲ್ಲಿ ಎರಡು ಬಾಣ ಇದ್ದವು. ಒಂದು, ಒಪ್ಪಿದ್ದೇನೆ ಅಂತ ಅಭ್ಯರ್ಥಿಯೇ ಸಹಿ ಹಾಕಿದ್ದಾನೆ. ಎರಡು, ಪರೀಕ್ಷೆಗೆ ಸುಮ್ನೆ ಹಾಜರಾಗಿ, ಫೇಲಾದ ಮೇಲೆ ಪರೀಕ್ಷೆಯೇ ಸರಿ ಇಲ್ಲ ಅನ್ನುವಂತಿಲ್ಲ. ಇದಕ್ಕೆ ಸುಪ್ರೀಂ ಕೋರ್ಟಿನ 1995ರ ಮದನ್ ಲಾಲ್ ತೀರ್ಪು ತೋರಿಸಿದರು. ನೇಮಕಾತಿ ಕೇಸುಗಳಲ್ಲಿ ಅದು ಹಳೆಯ ಅಸ್ತ್ರ. ನಾವು ಅದೇ ಕೋರ್ಟಿನ 2019ರ ಮೀತಾ ಸಹಾಯ್ ತೀರ್ಪು ತೋರಿಸಿದೆವು. ಪ್ರಕ್ರಿಯೆಯಲ್ಲಿ ಭಾಗವಹಿಸಲು ಒಪ್ಪಿದವನು ಅದರಲ್ಲಿ ನಡೆದ ಕಾನೂನುಬಾಹಿರ ಕೆಲಸವನ್ನೂ ಒಪ್ಪಿದ ಹಾಗಲ್ಲ ಅಂತ ಅದರ ತಾತ್ಪರ್ಯ.

ತೀರ್ಪುಗಳ ಜಗ್ಗಾಟ ಹೇಗೆ ಮುಗಿಯುತ್ತಿತ್ತೋ. ಕೇಸನ್ನು ತಿರುಗಿಸಿದ್ದು ಅವರದೇ ಒಂದು ಸಾಲು. ‘ಅರ್ಜಿದಾರನ ಕೋರಿಕೆಯಂತೆ ಎರಡನೇ ಬಾರಿ ಅಳೆಯಲಾಗಿದ್ದು, ಆಗಲೂ 167.5 ಸೆಂ.ಮೀ. ಬಂದಿರುತ್ತದೆ.’ ಆದರೆ ಆರ್‌ಟಿಐನಲ್ಲಿ ಅವರೇ ಕೊಟ್ಟ ಹಾಳೆಯಲ್ಲಿ ಎರಡನೇ ಅಳತೆಗೆ ಒಂದು ಕಾಲಂ ಇದೆ, ಅದು ಖಾಲಿ. ಹೊತ್ತಿನ ಕಾಲಮೂ ಖಾಲಿ. ಎರಡನೇ ಅಳತೆ ಎಲ್ಲಿ ಬರೆದಿದ್ದೀರಿ ಅಂತ ಪೀಠ ಕೇಳಿತು. ಉತ್ತರ ಬರಲಿಲ್ಲ.

ಒಂದು ಮಾತು ಹೇಳಬೇಕು. ಯಾರೋ ಬೇಕೂಂತ ಹುಡುಗನನ್ನು ಕಡಿಮೆ ಅಳೆದರು ಅಂತ ನನಗೆ ಯಾವತ್ತೂ ಅನಿಸಲಿಲ್ಲ. ಬೆಳಗಿನಿಂದ ನೂರಾರು ತಲೆ ಅಳೆದು ಸುಸ್ತಾದ ಸಿಬ್ಬಂದಿ, ಒಂದು ಕಾಲಂ ಬಿಟ್ಟುಹೋಯಿತು. ಅದೇ ಖಾಲಿ ಜಾಗ ನಮಗೆ ಕೇಸು ಕೊಟ್ಟಿತು.

ಆದೇಶ ಚಿಕ್ಕದು. ಸರಕಾರಿ ಆಸ್ಪತ್ರೆಯ ಮೂವರು ಡಾಕ್ಟರ್‌ಗಳ ಮಂಡಳಿ ಹೊಸದಾಗಿ ಅಳೆಯಬೇಕು. ನೇಮಕಾತಿ ಕಡೆಯವರೊಬ್ಬರು ಹಾಜರಿರಬೇಕು. 168 ಇದ್ದರೆ ಮುಂದಿನ ಪರೀಕ್ಷೆಗೆ ಬಿಡಬೇಕು. ಅಲ್ಲಿಯವರೆಗೆ ಒಂದು ಹುದ್ದೆ ಖಾಲಿ ಇರಬೇಕು. ಸರಕಾರಿ ಡಾಕ್ಟರ್ ಚೀಟಿಯೂ ಹಾಳೆಯ ಲೋಪವೂ ಎರಡೂ ಇರುವುದರಿಂದ ಮಾತ್ರ ಹೀಗೆ, ಕೇಳಿದವರಿಗೆಲ್ಲ ಮರು ಅಳತೆ ಅಲ್ಲ ಅಂತಲೂ ಬರೆದರು. ಅದೂ ನ್ಯಾಯವೇ. ಇಲ್ಲದಿದ್ದರೆ ಫೇಲಾದ ಪ್ರತಿಯೊಬ್ಬನೂ ಬೆಳಿಗ್ಗೆ ಎದ್ದು ಚೀಟಿ ಮಾಡಿಸಿಕೊಂಡು ಬರುತ್ತಾನೆ, ಅಲ್ವಾ?

ಮಂಡಳಿಯ ದಿನ ನಾನೂ ಹೋಗಿದ್ದೆ. ಹಿಂದಿನ ರಾತ್ರಿ ಬೇಗ ಮಲಗಲು ಹೇಳಿದ್ದೆ, ಆಸ್ಪತ್ರೆವರೆಗೂ ಕಾರಿನ ಸೀಟು ಹಿಂದಕ್ಕೆ ಬಾಗಿಸಿ ಮಲಗಿಸಿಯೇ ಕರೆದುಕೊಂಡು ಹೋದೆ. ಮೋಸವಾ? ನನಗೆ ಹಾಗೆ ಅನಿಸಿಲ್ಲ. 10 ಗಂಟೆ 40 ನಿಮಿಷಕ್ಕೆ ಕರೆದರು. ಒಬ್ಬ ಡಾಕ್ಟರ್ ಮಂಡಿಯೂರಿ ಹಿಮ್ಮಡಿ ನೋಡಿದರು. ಇನ್ನೊಬ್ಬರು ಎರಡು ಬೆರಳಲ್ಲಿ ಗದ್ದ ಹಿಡಿದು ಕಣ್ಣು ಕಿವಿ ಸಮ ಮಾಡಿದರು. ಮೂರನೆಯವರು ಪಟ್ಟಿ ಇಳಿಸಿದರು. ಮೂರು ಸಲ ಅಳೆದು ಮೂರನ್ನೂ ಬರೆದರು, ಹೊತ್ತನ್ನೂ ಬರೆದರು. ಮೂರೂ ಸಲ 168.1. ಹುಡುಗ ಕಂಬ ಬಿಟ್ಟು ಕದಲಲೇ ಇಲ್ಲ. ‘ಆಯ್ತು, ಇಳಿ ಮಾರಾಯ’ ಅಂತ ಡಾಕ್ಟರೇ ಹೇಳಬೇಕಾಯಿತು.

ನನ್ನ ಲೆಕ್ಕ ತಪ್ಪಿದ್ದು

ಇಲ್ಲಿಗೆ ಕೇಸು ಗೆದ್ದಂತೆ. ಮೊದಲ ಅಳತೆಯಿಂದ ಈ ಅಳತೆಗೆ 14 ತಿಂಗಳು. ಮನವಿ, ಆರ್‌ಟಿಐ, ಆಕ್ಷೇಪಣೆಗೆ ಸಮಯ, ನಮ್ಮದೇ ಎರಡು ವಾಯಿದೆ, ಎಲ್ಲ ಸೇರಿ. ವಯಸ್ಸಿನ ಚಿಂತೆ ಇರಲಿಲ್ಲ. ಅರ್ಜಿಯ ಕೊನೆಯ ದಿನಕ್ಕೆ ಎಷ್ಟು ವಯಸ್ಸು ಅನ್ನುವುದೇ ಲೆಕ್ಕ.

ಆ 14 ತಿಂಗಳ ಶುರುವಿನಲ್ಲಿ ಅವನು ನನ್ನನ್ನು ಒಂದು ಪ್ರಶ್ನೆ ಕೇಳಿದ್ದ. ‘ಸಾರ್, ಪ್ರಾಕ್ಟೀಸ್ ಬಿಡ್ಲಾ ಮಾಡ್ಲಾ?’ ಮನೆಯಲ್ಲಿ ಸಾಲ ಇತ್ತು. ಜೂನ್ 1ರಿಂದ ಜುಲೈ 31ರ ಮೀನುಗಾರಿಕೆ ನಿಷೇಧ ಮುಗಿದು ಬೋಟುಗಳು ಹೊರಡುವ ಹೊತ್ತು. ಕೇಸು ಯಾವಾಗ ಮುಗಿಯುತ್ತೋ ಗೊತ್ತಿಲ್ಲ, ಸದ್ಯ ಕೆಲಸ ನೋಡು, ಆದೇಶ ಬಂದ ಮೇಲೆ ಓಡಿದರಾಯಿತು ಅಂದೆ. ಆದೇಶಕ್ಕೂ ಪರೀಕ್ಷೆಗೂ ನಡುವೆ ಒಂದೆರಡು ತಿಂಗಳಾದರೂ ಸಿಗುತ್ತೆ ಅನ್ನುವುದು ನನ್ನ ಅಂದಾಜು. ಅವನು ಆಳಸಮುದ್ರದ ಬೋಟಿಗೆ ಹೋದ. ಹೊರಟರೆ ಎಂಟು ಹತ್ತು ದಿನ ನೀರಿನ ಮೇಲೆ. ಬಲೆ ಎಳೆದು ತೋಳು ಗಟ್ಟಿಯಾಯಿತು. ಓಡಲು ಅಲ್ಲಿ ಜಾಗ ಎಲ್ಲಿ?

ಮಂಡಳಿ ವರದಿ ಹೋದ ಮೇಲೆ ಓಟಕ್ಕೆ ಬಂದ ನೋಟಿಸ್ 7 ದಿನದ್ದು.

400 ಮೀಟರಿನ ಟ್ರ್ಯಾಕಿನಲ್ಲಿ ನಾಲ್ಕು ಸುತ್ತು. ಸುತ್ತಿಗೆ ಸರಾಸರಿ 97.5 ಸೆಕೆಂಡ್ ಮೀರಬಾರದು. ಅವನ ಜೊತೆ ಹೋಗಿದ್ದ ತಮ್ಮ ಬೇಲಿಯ ಆಚೆಯಿಂದ ಮೊಬೈಲಿನಲ್ಲಿ ಹೊತ್ತು ಹಿಡಿದಿದ್ದ. ಮೊದಲ ಸುತ್ತು 91. ಎರಡನೆಯದು 95. ಮೂರನೆಯದು 103. ಕೊನೆಯದು 112. ಒಟ್ಟು 6 ನಿಮಿಷ 41 ಸೆಕೆಂಡ್.

ಬೆಳಿಗ್ಗೆ ಒಂಬತ್ತರ ಒಳಗೆ ಫೋನ್ ಬಂತು. ‘ಸಾರ್, ಹೈಟ್ ಸಾಕಾಯ್ತ್. ಕಾಲ್ ಸಾಕಾಯ್ಲಿಲ್ಲ.’ ನಾನು ಏನೋ ಹೇಳಿದೆ, ಏನು ಅಂತ ನೆನಪಿಲ್ಲ.

7 ದಿನದ ನೋಟಿಸ್ ಸಾಲದು, ಇನ್ನೊಂದು ಓಟ ಕೊಡಿ ಅಂತ ಅರ್ಜಿ ಬರೆಯಲು ಕುಳಿತೆ. ಎರಡು ಪುಟ ಆಯಿತು. ಓಟಕ್ಕೆ ಒಂದೇ ಅವಕಾಶ ಅಂತ ನಿಯಮ ಸ್ಪಷ್ಟ ಇದೆ. ಉಳಿದವರಿಗೆ ಸಿಕ್ಕಿದ್ದೂ ಇಂಥದ್ದೇ ನೋಟಿಸ್ ಅಂತ ಎದುರಿನವರು ಹೇಳುತ್ತಾರೆ. ಅಳತೆಯಲ್ಲಿ ನಮ್ಮ ಕೈಯಲ್ಲಿ ಖಾಲಿ ಕಾಲಂ ಇತ್ತು, ಇಲ್ಲಿ ಏನೂ ಇರಲಿಲ್ಲ. ಆ ಎರಡು ಪುಟ ಇನ್ನೂ ಕಂಪ್ಯೂಟರಿನಲ್ಲೇ ಇದೆ.

ಹೋದ ತಿಂಗಳು ಆ ತಮ್ಮ ಆಫೀಸಿಗೆ ಬಂದಿದ್ದ, ಅಣ್ಣನ ಅಸಲು ಮಾರ್ಕ್ಸ್ ಕಾರ್ಡ್ ವಾಪಸ್ ತೆಗೆದುಕೊಳ್ಳಲು. ಬಾಗಿಲಲ್ಲಿ ಇವನಿಗೆ ತಲೆ ಬಗ್ಗಿಸುವ ಅಗತ್ಯ ಬೀಳಲಿಲ್ಲ. 164 ಸೆಂ.ಮೀ., ವಯಸ್ಸು 19. ಕಾರ್ಡನ್ನು ಪ್ಲಾಸ್ಟಿಕ್ ಕವರಿಗೆ ಹಾಕಿಕೊಂಡು, ಕೋಸ್ಟ್ ಗಾರ್ಡ್‌ನಲ್ಲಿ 157 ಸಾಕು ಅಂತ ಮಾವ ಹೇಳಿದ್ದು ಹೌದಾ ಅಂತ ಕೇಳಿದ. ಹೌದು ಅಂದೆ. ಅಲ್ಲಿಯ ವಯಸ್ಸಿನ ಮಿತಿ 22 ಅಂತಲೂ ಹೇಳಿದೆ, ಮತ್ತೆ ದಿನಾ ಓಡ್ತೀಯಾ ಅಂತ ಕೇಳಿದೆ.